ಡ್ಯಾಸಿಯೂರಿಡ್: ಈ ಹೆಸರು ಯಾರಿಗೆ ಸಲ್ಲುತ್ತದೆ, ಯಾರಿಗೆ ಸಲ್ಲುವುದಿಲ್ಲ

ಆಸ್ಟ್ರೇಲಿಯಾದ ವನ್ಯಜೀವಿಗಳ ಬಗ್ಗೆ ಕನ್ನಡದಲ್ಲಿ ಬರೆಯಲು ಕೂತವರಿಗೆ 'ಡ್ಯಾಸಿಯೂರಿಡ್' ಎಂಬ ಪದ ಇವತ್ತಲ್ಲ ನಾಳೆ ಎದುರಾಗುತ್ತದೆ. 'ಮಾಂಸಾಹಾರಿ ಹೊಟ್ಟೆಚೀಲದ ಪ್ರಾಣಿ' ಎಂದು ಅರ್ಥ ಕೊಟ್ಟು ಮುಂದೆ ಹೋಗುವುದು ರೂಢಿ. ನಿಘಂಟಿನ ಮಟ್ಟಿಗೆ ಅಷ್ಟು ಸಾಕು. ಅದೇ ಅರ್ಥವನ್ನು ಹಿಡಿದು ನಾಲ್ಕು ವಾಕ್ಯ ಕಟ್ಟಿದರೆ ಮಾತ್ರ ಮೂರನೆಯದರಲ್ಲೇ ತಪ್ಪು ನುಸುಳುತ್ತದೆ. ಈ ಪದ ಹೇಳುವುದು ನೆಂಟಸ್ತಿಕೆಯನ್ನು, ಟ್ಯಾಸ್ಮೇನಿಯನ್ ಡೆವಿಲ್ ಮುಂತಾದ ಪ್ರಾಣಿಗಳ ಒಂದು ಕುಟುಂಬಕ್ಕೆ ಸೇರಿರುವುದನ್ನು. ಯಾವ ಪ್ರಾಣಿ ಏನು ತಿನ್ನುತ್ತದೆ ಎಂಬುದು ಆಮೇಲಿನ ಮಾತು.

ಊಟಕ್ಕೂ ನೆಂಟಸ್ತಿಕೆಗೂ ಇರುವ ಅಂತರ ತಿಳಿಯಲು ದೂರ ಹೋಗಬೇಕಿಲ್ಲ. ಉಡುಪಿ, ಮಂಗಳೂರು ಕಡೆಯ ಹಂಚಿನ ಮನೆಗಳ ಅಟ್ಟದಲ್ಲಿ ರಾತ್ರಿ ಸದ್ದು ಮಾಡುವ ಕಬ್ಬೆಕ್ಕು ಇದೆಯಲ್ಲ, ಅದರ ಊಟದ ದೊಡ್ಡ ಪಾಲು ಹಣ್ಣು. ಹಲಸು, ಬಾಳೆ, ಕಾಫಿ ಯಾವುದು ಮಾಗಿದರೂ ಅದಕ್ಕೆ ಆದೀತು. ಆದರೂ ಪ್ರಾಣಿಶಾಸ್ತ್ರ ಅದನ್ನು ಇಟ್ಟಿರುವುದು ಹುಲಿ, ನಾಯಿ, ಕರಡಿಗಳಿರುವ ಕಾರ್ನಿವೋರ ಗಣದಲ್ಲಿ. ಇತ್ತ ಟ್ಯಾಸ್ಮೇನಿಯಾದ ಕಾಡಿನಲ್ಲಿ ವಾಲಬಿ ಎಂಬ ಸಣ್ಣ ಕಾಂಗರೂವಿನ ಹೆಣವನ್ನು ಮೂಳೆಸಮೇತ ಅಗಿದು ನುಂಗುವ ಟ್ಯಾಸ್ಮೇನಿಯನ್ ಡೆವಿಲ್‌ಗೆ ಆ ಗಣದಲ್ಲಿ ಜಾಗವಿಲ್ಲ. ಕಾರ್ನಿವೋರ ಎಂಬ ಗಣದ ಹೆಸರನ್ನು 'ಮಾಂಸಾಹಾರಿ ಗಣ' ಎಂದು ಅನುವಾದಿಸಿದ ಲೇಖನದಲ್ಲೇ ಡ್ಯಾಸಿಯೂರಿಡ್‌ಗಳನ್ನೂ 'ಮಾಂಸಾಹಾರಿಗಳು' ಎಂದು ಕರೆದರೆ, ಓದುವ ಪಿಯುಸಿ ವಿದ್ಯಾರ್ಥಿ ಎರಡನ್ನೂ ಒಂದೇ ಗುಂಪಿಗೆ ಸೇರಿಸಿಬಿಡುತ್ತಾನೆ. ಗಣದ ಹೆಸರನ್ನು ಕಾರ್ನಿವೋರ ಎಂದೇ ಉಳಿಸಿ, 'ಮಾಂಸಾಹಾರಿ' ಎಂಬ ಮಾತನ್ನು ಆಹಾರಕ್ಕೆ ಮಾತ್ರ ಬಳಸುವುದು ಸುರಕ್ಷಿತ.

ಇನ್ನು ಪದದ ಮೂಲ. ಫ್ರೆಂಚ್ ಪ್ರಾಣಿಶಾಸ್ತ್ರಜ್ಞ ಎಟಿಯೆನ್ ಜೆಫ್ರುವಾ ಸೇಂತ್ ಇಲೇರ್ 1796ರಲ್ಲಿ 'ಡ್ಯಾಸಿಯೂರಸ್' ಎಂಬ ಕುಲವನ್ನು ಹೆಸರಿಸಿದರು. ಗ್ರೀಕ್‌ನಲ್ಲಿ 'ದಸೂಸ್' ಎಂದರೆ ದಟ್ಟ ರೋಮವಿರುವ, 'ಊರಾ' ಎಂದರೆ ಬಾಲ. ಒಟ್ಟಿನಲ್ಲಿ ಪೊದೆಬಾಲದ ಪ್ರಾಣಿ. ನಮ್ಮ ಕಬ್ಬೆಕ್ಕಿನ ಕುಲನಾಮ ಪ್ಯಾರಡಾಕ್ಸೂರಸ್‌ನ ಕೊನೆಯಲ್ಲೂ ಇದೇ ಬಾಲವಿದೆ. ರೋಮನ್ ಅಕ್ಷರಗಳಲ್ಲಿ ಈ ಪದವನ್ನು ಕಂಡ ಕನ್ನಡಿಗರ ಕಣ್ಣು ಮೊದಲು ಹಿಡಿಯುವುದು ಸಂಸ್ಕೃತದ 'ದಸ್ಯು'ವನ್ನು. ಕೋಳಿಗೂಡಿಗೆ ನುಗ್ಗುವ ಪ್ರಾಣಿಗೆ ಕಳ್ಳ ಎಂಬ ಅರ್ಥ ಹೊಂದಿಕೊಳ್ಳುವುದರಿಂದ ಈ ವ್ಯುತ್ಪತ್ತಿ ನಂಬುವಂತೆಯೂ ಇದೆ. ಆದರೆ ಎರಡಕ್ಕೂ ಸಂಬಂಧವಿಲ್ಲ. 'ದಸ್ಯುರಿಡೆ', 'ದಾಸ್ಯೂರಿಡೆ' ಎಂಬ ಬರಹಗಳನ್ನು ಬಿಡಬೇಕು ಎನ್ನುವುದು ಇದಕ್ಕಾಗಿಯೇ. ಅವು ಓದುಗರನ್ನು ಇಲ್ಲದ ಬೇರಿನ ಕಡೆಗೆ ಎಳೆಯುತ್ತವೆ. 'ಡ್ಯಾಸಿಯೂರಿಡ್' ಎಂಬ ರೂಪ ಉಚ್ಚಾರಣೆಗೂ ಹತ್ತಿರ.

ಕರಾವಳಿಯವರಿಗೆಂದೇ ಇನ್ನೊಂದು ಎಚ್ಚರಿಕೆ. ಮಲ್ಪೆ ಬಂದರಿನಲ್ಲೋ ಮಂಗಳೂರಿನ ಧಕ್ಕೆಯಲ್ಲೋ ಇಳಿಯುವ ಬಾಲಮುಳ್ಳಿನ ತೊರಕೆ ಮೀನುಗಳ ಕುಟುಂಬದ ಹೆಸರು ಡ್ಯಾಸಿಯಾಟಿಡೇ. ಇದು ಡ್ಯಾಸಿಯೂರಿಡೇ ಎಂಬುದಕ್ಕಿಂತ ಒಂದೆರಡು ಅಕ್ಷರಗಳಷ್ಟೇ ಬೇರೆ. ಎರಡರ ಮೊದಲ ಭಾಗವೂ ಅದೇ ಗ್ರೀಕ್ ವಿಶೇಷಣ. ಮೀನುಗಾರಿಕೆಯ ಪಠ್ಯ ಓದಿದವರ ಬೆರಳು ಅಭ್ಯಾಸಬಲದಿಂದ ಮೊದಲಿನದನ್ನೇ ಟೈಪಿಸುತ್ತದೆ, ಹುಡುಕಾಟದಲ್ಲಿ ತೊರಕೆಯ ಚಿತ್ರಗಳು ಬಂದು ಕೂರುತ್ತವೆ. ದಕ್ಷಿಣ ಅಮೆರಿಕದ ಆರ್ಮಡಿಲೊಗಳ ಕುಲ ಡ್ಯಾಸಿಪಸ್ ಕೂಡ ಇದೇ ಸಾಲಿನದು, ಅದರ ಅರ್ಥ ರೋಮಪಾದಿ. 'ಡ್ಯಾಸಿ' ಎಂದು ಶುರುವಾದ ಮಾತ್ರಕ್ಕೆ ನೆಂಟರಾಗುವುದಿಲ್ಲ.

ಗೊಂದಲದ ಮುಖ್ಯ ಜಾಗ ಇರುವುದು ಪದದ ಬಾಲದಲ್ಲಿ. ಡ್ಯಾಸಿಯೂರಸ್ ಒಂದು ಕುಲ. ಅದರಲ್ಲಿರುವುದು ಕ್ವೋಲ್ ಎಂದು ಕರೆಯುವ ಚುಕ್ಕೆಮೈಯ ಪ್ರಾಣಿಗಳು, ಒಟ್ಟು 6 ಪ್ರಭೇದ. ನಾಲ್ಕು ಆಸ್ಟ್ರೇಲಿಯಾದಲ್ಲಿ, ಎರಡು ನ್ಯೂಗಿನಿಯಲ್ಲಿ. 'ಇಡೇ' ಎಂದು ಮುಗಿದರೆ ಕುಟುಂಬ. ಡ್ಯಾಸಿಯೂರಿಡೇ ಕುಟುಂಬದಲ್ಲಿ ಕ್ವೋಲ್‌ಗಳ ಜೊತೆ ಟ್ಯಾಸ್ಮೇನಿಯನ್ ಡೆವಿಲ್, ಡನಾರ್ಟ್, ಆಂಟಿಕೈನಸ್, ಫ್ಯಾಸ್ಕೊಗೇಲ್, ಪ್ಲ್ಯಾನಿಗೇಲ್, ಮಲ್ಗಾರ, ಕೊವಾರಿ ಎಂಬ ಸಣ್ಣ ಪ್ರಾಣಿಗಳೂ ಸೇರಿ 70ಕ್ಕೂ ಹೆಚ್ಚು ಪ್ರಭೇದಗಳಿವೆ. ಆ ಕುಟುಂಬದ ಯಾವುದೇ ಸದಸ್ಯನಿಗೆ ಸಲ್ಲುವ ಸಾಮಾನ್ಯ ಹೆಸರೇ ಡ್ಯಾಸಿಯೂರಿಡ್. 'ಇನೇ' ಎಂದಿದ್ದರೆ ಉಪಕುಟುಂಬ: ಡ್ಯಾಸಿಯೂರಿನೇಯಲ್ಲಿ ಡೆವಿಲ್, ಕ್ವೋಲ್, ಆಂಟಿಕೈನಸ್‌ಗಳಿವೆ, ಡನಾರ್ಟ್ ಮತ್ತು ಪ್ಲ್ಯಾನಿಗೇಲ್‌ಗಳು ಸ್ಮಿಂಥಾಪ್ಸಿನೇಗೆ ಸೇರಿದವು. ಇವೆಲ್ಲಕ್ಕೂ ಮೇಲಿನದು ಡ್ಯಾಸಿಯೂರೊಮಾರ್ಫಿಯಾ ಎಂಬ ಗಣ.

ಅತಿ ಹೆಚ್ಚು ತಪ್ಪಾಗುವುದು ಈ ಕೊನೆಯ ಮೆಟ್ಟಿಲಿನಲ್ಲಿ. ಗಣದೊಳಗೆ ಮೂರು ಕುಟುಂಬಗಳಿವೆ. ಡ್ಯಾಸಿಯೂರಿಡೇ ಅವುಗಳಲ್ಲಿ ಒಂದು. ಎರಡನೆಯದರಲ್ಲಿ ಇವತ್ತು ಉಳಿದಿರುವುದು ಗೆದ್ದಲು ತಿನ್ನುವ ನಂಬ್ಯಾಟ್ ಮಾತ್ರ. ಮೂರನೆಯದು ಥೈಲಸೀನ್‌ನದು, ಅಂದರೆ ಟ್ಯಾಸ್ಮೇನಿಯನ್ ಟೈಗರ್ ಎಂದು ಹೆಸರಾದ ಪ್ರಾಣಿಯದು. ಕೊನೆಯದೆಂದು ತಿಳಿದಿರುವ ಥೈಲಸೀನ್ 1936ರ ಸೆಪ್ಟೆಂಬರ್ 7ರಂದು ಹೋಬಾರ್ಟ್ ಮೃಗಾಲಯದಲ್ಲಿ ಸತ್ತಿತು. ಹಾಗಾಗಿ 'ಥೈಲಸೀನ್ ಎಂಬ ಡ್ಯಾಸಿಯೂರಿಡ್' ಎಂದು ಬರೆದರೆ ಇಂದಿನ ವರ್ಗೀಕರಣದಂತೆ ತಪ್ಪು. 'ಡ್ಯಾಸಿಯೂರೊಮಾರ್ಫ್' ಎಂದರೆ ಸರಿ. ಬಾಯಿಗೆ ಕಷ್ಟವಾಗುವ ಪದವೇ, ಒಪ್ಪುತ್ತೇನೆ. ಬೇಡವೆನಿಸಿದರೆ 'ಡ್ಯಾಸಿಯೂರಿಡ್‌ಗಳ ಹತ್ತಿರದ ನೆಂಟ' ಎಂದು ಬರೆಯಿರಿ, ಅರ್ಥ ಕೆಡುವುದಿಲ್ಲ.

ಹಳೆಯ ಬರಹಗಳನ್ನು ಓದುವಾಗ ಇನ್ನೂ ಒಂದು ತೊಡಕಿದೆ. 'ಡ್ಯಾಸಿಯೂರ್' ಎಂಬ ಮೊಟಕು ರೂಪ 19ನೇ ಶತಮಾನದಲ್ಲಿ ಧಾರಾಳವಾಗಿ ಚಲಾವಣೆಯಲ್ಲಿತ್ತು. ಟ್ಯಾಸ್ಮೇನಿಯಾದಲ್ಲಿ ಸರ್ವೇಯರ್ ಆಗಿದ್ದ ಜಾರ್ಜ್ ಹ್ಯಾರಿಸ್ 1808ರಲ್ಲಿ ಡೆವಿಲ್ ಮತ್ತು ಥೈಲಸೀನ್ ಎರಡನ್ನೂ ವಿವರಿಸಿದಾಗ ಅಮೆರಿಕದ ಒಪಾಸಮ್‌ಗಳ ಡೈಡೆಲ್ಫಿಸ್ ಕುಲಕ್ಕೆ ಸೇರಿಸಿದ್ದರು. 1810ರಲ್ಲಿ ಥೈಲಸೀನ್ ಡ್ಯಾಸಿಯೂರಸ್ ಕುಲಕ್ಕೆ ಬಂತು. ಡೆವಿಲ್ ಕೂಡ ಬಹುಕಾಲ ಕರಡಿಯಂಥ ಡ್ಯಾಸಿಯೂರ್ ಎಂದೇ ಕರೆಸಿಕೊಂಡಿತ್ತು. ಥೈಲಸೈನಸ್ ಕುಲ 1824ರಲ್ಲಿ, ಡೆವಿಲ್‌ನ ಸಾರ್ಕೊಫೈಲಸ್ ಕುಲ 1837ರಲ್ಲಿ ಬೇರ್ಪಟ್ಟವು. ಹಾಗಾಗಿ ಹಳೆಯ ಪ್ರವಾಸ ಕಥನದಲ್ಲಿ 'ಡ್ಯಾಸಿಯೂರ್' ಎಂದು ಕಂಡ ಕೂಡಲೇ ಕ್ವೋಲ್ ಎಂದು ಅನುವಾದಿಸಬಾರದು. ಮೊದಲು ಬರಹದ ವರ್ಷ ನೋಡಿ, ಆಮೇಲೆ ಪಕ್ಕದಲ್ಲಿ ವೈಜ್ಞಾನಿಕ ಹೆಸರಿದೆಯೇ ನೋಡಿ, ಅದೂ ಇಲ್ಲದಿದ್ದರೆ ವರ್ಣನೆಯಲ್ಲಿ ಚುಕ್ಕೆ, ಪಟ್ಟೆ, ಕಪ್ಪುಮೈ ಇವುಗಳಲ್ಲಿ ಯಾವುದಿದೆ ಎಂದು ಹುಡುಕಿ. ಇವತ್ತಿನ ಬಳಕೆಯಲ್ಲೂ ನ್ಯೂಗಿನಿಯ ಕೆಲವು ಸಣ್ಣ ಪ್ರಾಣಿಗಳ ಹೆಸರಿನಲ್ಲಿ ಡ್ಯಾಸಿಯೂರ್ ಉಳಿದುಕೊಂಡಿದೆ. ಮೂರು ಪಟ್ಟೆಯ ಡ್ಯಾಸಿಯೂರ್ ಎಂಬುದು ಮಯೊಯಿಕ್ಟಿಸ್ ಕುಲದ್ದು, ಕ್ವೋಲ್ ಅಲ್ಲ.

ಕ್ವೋಲ್ ಎಂಬ ಹೆಸರು ಈಶಾನ್ಯ ಆಸ್ಟ್ರೇಲಿಯಾದ ಗೂಗು ಯಿಮಿದಿರ್ ಭಾಷೆಯದು. 1770ರಲ್ಲಿ ಇಂಗ್ಲಿಷ್ ನಾವಿಕ ಜೇಮ್ಸ್ ಕುಕ್‌ನ ಹಡಗು ಎಂಡೆವರ್ ನದಿಯ ಬಳಿ ತಂಗಿದ್ದಾಗ ದಾಖಲಾದದ್ದು. ಆದರೂ ವಲಸೆಗಾರರು ಅದನ್ನು 'ನೇಟಿವ್ ಕ್ಯಾಟ್' ಎಂದೇ ಕರೆಯುತ್ತ ಬಂದರು. ಇದನ್ನು ಕನ್ನಡಕ್ಕೆ ತರುವಾಗ 'ಕಾಡುಬೆಕ್ಕು' ಎಂದರೆ ನಮ್ಮ ನಿಜವಾದ ಕಾಡುಬೆಕ್ಕುಗಳ ಜೊತೆ ಕಲಸಿಹೋಗುತ್ತದೆ. ಟೈಗರ್ ಕ್ವೋಲ್ ಎಂಬುದನ್ನು 'ಹುಲಿ ಕ್ವೋಲ್' ಎಂದು ಮಾಡಿದರೆ ತುಳುನಾಡಿನ ಓದುಗರಿಗೆ ವಿಚಿತ್ರ ಎನಿಸುವುದು ಸಹಜ. ಪಟ್ಟೆ ಇರುವುದು ಪಟ್ಟೆಪಿಲಿ, ಚುಕ್ಕೆ ಇರುವುದು ಚಿಟ್ಟೆಪಿಲಿ ಎಂದು ಪಿಲಿವೇಷದ ಬಣ್ಣದಲ್ಲೇ ಬೇರ್ಪಡಿಸಿ ನೋಡಿದ ಕಣ್ಣುಗಳು ಇಲ್ಲಿಯವು. ಟೈಗರ್ ಕ್ವೋಲ್‌ನ ಮೈಮೇಲೆ ಒಂದೂ ಪಟ್ಟೆಯಿಲ್ಲ, ಬಿಳಿ ಚುಕ್ಕೆಗಳು ಬಾಲದವರೆಗೂ ಹರಡಿವೆ. ಆ ಬಾಲದ ಚುಕ್ಕೆಗಳೇ ಅದರ ಗುರುತು. 'ಚುಕ್ಕೆಬಾಲದ ಕ್ವೋಲ್' ಎಂಬುದು ನನಗೆ ಇಷ್ಟವಾದ ರೂಪ. ಆಸ್ಟ್ರೇಲಿಯಾದಲ್ಲೂ ಇದೇ ಅರ್ಥದ ಹೆಸರು ಬಳಕೆಯಲ್ಲಿದೆ.

ಆಂಟಿಕೈನಸ್ ಅನ್ನು 'ಹೊಟ್ಟೆಚೀಲದ ಇಲಿ' ಎನ್ನುವುದೂ ಸರಿಯಲ್ಲ. ಇಲಿಯ ಬಾಯಿಯಲ್ಲಿ ಮುಂದೆ ಕೊರೆಯುವ ಎರಡು ಜೊತೆ ಬಾಚಿಹಲ್ಲು, ಆಮೇಲೆ ಖಾಲಿ ಜಾಗ, ಆಮೇಲೆ ದವಡೆಹಲ್ಲು. ಡ್ಯಾಸಿಯೂರಿಡ್‌ಗಳಲ್ಲಿ ಮೇಲ್ದವಡೆಯ ಒಂದೊಂದು ಪಕ್ಕಕ್ಕೆ 4 ಬಾಚಿಹಲ್ಲು, ಕೆಳಗೆ 3, ಅದರ ಹಿಂದೆ ಚೂಪಾದ ಕೋರೆಹಲ್ಲು. ಹೋಲಿಕೆ ಬೇಕೇಬೇಕೆಂದರೆ ಅಡುಗೆಮನೆಯ ಮೂಲೆ ಹಿಡಿದು ಓಡುವ ಮೂಗಿಲಿ ಹೆಚ್ಚು ಹತ್ತಿರ, ಅದೂ ಕೀಟ ಹಿಡಿದು ತಿನ್ನುವಂಥದ್ದು.

ಚಿತ್ರ ನೋಡಿ ಗುರುತಿಸುವವರು ಹಿಂಗಾಲನ್ನು ನೋಡಬೇಕು. ಕಾಂಗರೂ, ಪೋಸಮ್, ಬ್ಯಾಂಡಿಕೂಟ್‌ಗಳ ಹಿಂಗಾಲಿನ ಎರಡನೇ ಮತ್ತು ಮೂರನೇ ಬೆರಳುಗಳು ಒಂದೇ ಚರ್ಮದಲ್ಲಿ ಬೆಸೆದುಕೊಂಡು, ಎರಡು ಉಗುರು ಮಾತ್ರ ಹೊರಗೆ ಕಾಣುತ್ತವೆ. ಡ್ಯಾಸಿಯೂರಿಡ್‌ಗಳ ಬೆರಳುಗಳು ಬಿಡಿಬಿಡಿ. ಹೆಬ್ಬೆರಳು ಸಣ್ಣದಾಗಿ, ಉಗುರಿಲ್ಲದೆ ಇರಬಹುದು, ಕೆಲವದರಲ್ಲಿ ಪೂರ್ತಿ ಇಲ್ಲದಿರಬಹುದು. ಪೂರ್ವದ ಕ್ವೋಲ್‌ನ ಹಿಂಗಾಲಿನಲ್ಲಿ ನಾಲ್ಕೇ ಬೆರಳು. ಬ್ಯಾಂಡಿಕೂಟ್ ಎಂದಾಗ ನೆನಪಾಯಿತು: ಆ ಹೆಸರು ತೆಲುಗಿನ 'ಪಂದಿಕೊಕ್ಕು'ವಿನಿಂದ ಇಂಗ್ಲಿಷಿಗೆ ಹೋಗಿ, ಅಲ್ಲಿಂದ ಆಸ್ಟ್ರೇಲಿಯಾದ ಬೇರೆಯೇ ಪ್ರಾಣಿಗೆ ಅಂಟಿಕೊಂಡದ್ದು. ಮಂಗಳೂರಿನ ಚರಂಡಿಯ ಹೆಗ್ಗಣಕ್ಕೂ ಅದಕ್ಕೂ ಯಾವ ನೆಂಟಸ್ತಿಕೆಯೂ ಇಲ್ಲ. ಅದು ಡ್ಯಾಸಿಯೂರಿಡ್ ಕೂಡ ಅಲ್ಲ, ಅದರ ಗಣವೇ ಬೇರೆ.

'ಹೊಟ್ಟೆಚೀಲ' ಎಂಬ ಮಾತನ್ನೂ ಸ್ವಲ್ಪ ತಡೆದು ಬಳಸಬೇಕು. ಡೆವಿಲ್‌ಗೆ ಹಿಂದಕ್ಕೆ ಬಾಯಿ ತೆರೆದ ಚೀಲವಿದೆ, ಒಳಗೆ 4 ಮೊಲೆ. ಹುಟ್ಟುವ ಮರಿಗಳು 20ರಿಂದ 30, ಅಕ್ಕಿಕಾಳಿನಷ್ಟು ಗಾತ್ರದವು. ಮೊದಲು ತಲುಪಿ ಮೊಲೆ ಕಚ್ಚಿದ ನಾಲ್ಕಕ್ಕಷ್ಟೇ ಬದುಕು. ಆದರೆ ಈ ಕುಟುಂಬದ ಅನೇಕ ಸಣ್ಣ ಪ್ರಭೇದಗಳಲ್ಲಿ ಚೀಲ ಎನ್ನುವಂಥದ್ದು ಇಲ್ಲ, ಮರಿಯ ಕಾಲದಲ್ಲಿ ಹೊಟ್ಟೆಯ ಚರ್ಮ ಮಡಿಕೆಯಾಗಿ ಎದ್ದು ಅಂಚು ಕಟ್ಟುತ್ತದೆ ಅಷ್ಟೆ. ನಂಬ್ಯಾಟ್‌ಗೆ ಅದೂ ಇಲ್ಲ. ಈ ಪ್ರಾಣಿಗಳ ಇಡೀ ಬಳಗಕ್ಕೆ 'ಮಾರ್ಸುಪಿಯಲ್' ಎಂದೇ ಬರೆದು, ಚೀಲ ಇದ್ದಲ್ಲಿ ಮಾತ್ರ ಚೀಲ ಎನ್ನುವುದು ನಿಖರ.

ಒಂದು ಪ್ರಭೇದದ ವಿಷಯವನ್ನು ಇಡೀ ಕುಟುಂಬಕ್ಕೆ ಹಚ್ಚುವುದು ಇನ್ನೊಂದು ದೊಡ್ಡ ದೋಷ. 'ಡ್ಯಾಸಿಯೂರಿಡ್ ಗಂಡುಗಳು ಒಮ್ಮೆ ಕೂಡಿ ಸಾಯುತ್ತವೆ' ಎಂಬ ವಾಕ್ಯವನ್ನೇ ತೆಗೆದುಕೊಳ್ಳಿ. ಆಂಟಿಕೈನಸ್ ಮಟ್ಟಿಗೆ ಇದು ನಿಜ. ಎರಡು ಮೂರು ವಾರಗಳ ಕೂಡುವ ಕಾಲದಲ್ಲಿ ಗಂಡಿನ ರಕ್ತದಲ್ಲಿ ಒತ್ತಡದ ಹಾರ್ಮೋನ್ ಆದ ಕಾರ್ಟಿಸಾಲ್ ಏರುತ್ತಲೇ ಹೋಗುತ್ತದೆ, ರೋಗನಿರೋಧಕ ಶಕ್ತಿ ಕುಸಿಯುತ್ತದೆ, ಕರುಳಿನಲ್ಲಿ ಹುಣ್ಣಾಗುತ್ತದೆ. ಒಂದು ವರ್ಷ ತುಂಬುವ ಮೊದಲೇ ಆ ಪೀಳಿಗೆಯ ಎಲ್ಲ ಗಂಡುಗಳೂ ಸಾಯುತ್ತವೆ. ಫ್ಯಾಸ್ಕೊಗೇಲ್‌ಗಳಲ್ಲೂ ಹೀಗೆಯೇ. ಡೆವಿಲ್‌ಗಳಲ್ಲಿ ಹೀಗಿಲ್ಲ, ಅವು ಹಲವು ವರ್ಷ ಬದುಕುತ್ತವೆ. ಹಾಗೆಯೇ, 1996ರಲ್ಲಿ ಮೊದಲು ಕಂಡ, ಕಚ್ಚಾಟದಿಂದ ಹರಡುವ ಮುಖದ ಗೆಡ್ಡೆ ಕ್ಯಾನ್ಸರ್ ಡೆವಿಲ್‌ಗಳದ್ದು ಮಾತ್ರ, ಅದನ್ನು 'ಡ್ಯಾಸಿಯೂರಿಡ್‌ಗಳ ಕಾಯಿಲೆ' ಎನ್ನಬಾರದು. ಗಾತ್ರದ ಮಾತಿಗೂ ಇದೇ ಎಚ್ಚರ ಬೇಕು. ಈ ಕುಟುಂಬದಲ್ಲಿ 4 ಗ್ರಾಂ ಆಸುಪಾಸಿನ ಉದ್ದಬಾಲದ ಪ್ಲ್ಯಾನಿಗೇಲ್ ಇದೆ, 12 ಕೆಜಿವರೆಗೆ ಬೆಳೆಯುವ ಗಂಡು ಡೆವಿಲ್ ಕೂಡ ಇದೆ. ಇವೆರಡಕ್ಕೂ ಸಲ್ಲುವ ಒಂದು ಸರಾಸರಿ ಗಾತ್ರವನ್ನು ಹೇಳುವುದರಲ್ಲಿ ಅರ್ಥವಿಲ್ಲ.

ಇನ್ನು ಬರವಣಿಗೆಯ ಸಂಗತಿ. ರೋಮನ್ ಲಿಪಿಯಲ್ಲಿ ಕುಲದ ಹೆಸರನ್ನು ದೊಡ್ಡಕ್ಷರ ಮತ್ತು ಓರೆಯಕ್ಷರ ಎರಡೂ ಸೇರಿ ಬೇರ್ಪಡಿಸುತ್ತವೆ. ಕನ್ನಡದಲ್ಲಿ ದೊಡ್ಡಕ್ಷರವಿಲ್ಲ, ಓರೆ ಮಾಡಿದರೆ ಹೆಚ್ಚಿನ ಫಾಂಟ್‌ಗಳಲ್ಲಿ ಒತ್ತಕ್ಷರಗಳು ಕೆಟ್ಟು ಕಾಣುತ್ತವೆ. ಆದ್ದರಿಂದ ಸ್ಥಾನವನ್ನು ಪದದಲ್ಲೇ ಹೇಳಬೇಕು: 'ಡ್ಯಾಸಿಯೂರಸ್ ಕುಲ', 'ಡ್ಯಾಸಿಯೂರಿಡೇ ಕುಟುಂಬ', 'ಡ್ಯಾಸಿಯೂರೊಮಾರ್ಫಿಯಾ ಗಣ'. ಕೆಲವರು ಗಣಕ್ಕೂ 'ವರ್ಗ' ಎನ್ನುತ್ತಾರೆ. ಆದರೆ ಸ್ತನಿಗಳನ್ನು 'ವರ್ಗ' ಎಂದು ಕರೆದ ಮೇಲೆ ಅದೇ ಪದವನ್ನು ಕೆಳಗಿನ ಮೆಟ್ಟಿಲಿಗೆ ಬಳಸಿದರೆ ಲೆಕ್ಕ ತಪ್ಪುತ್ತದೆ. ಪ್ರಭೇದದ ಹೆಸರು ಬರೆಯುವಾಗ ಕುಲನಾಮವನ್ನು 'ಡ್ಯಾ.' ಎಂದು ಮೊಟಕು ಮಾಡುವುದು ಬೇಡ. ಇದೇ ಕುಟುಂಬದಲ್ಲಿ ಡ್ಯಾಸಿಯೂರಸ್ ಅಲ್ಲದೆ ಮಲ್ಗಾರಗಳ ಡ್ಯಾಸಿಸರ್ಕಸ್, ಕೊವಾರಿಯ ಡ್ಯಾಸಿಯೂರಾಯ್ಡಿಸ್ ಕುಲಗಳೂ ಇವೆ, ಮೂರೂ ಮೊಟಕಾದರೆ ಒಂದೇ. 'ಡ್ಯಾಸಿಯೂರಸ್ ವೈವರೈನಸ್' ಎಂದು ಪೂರ್ತಿ ಬರೆಯಿರಿ. ವೈವರೈನಸ್ ಎಂದರೆ ಪುನುಗುಬೆಕ್ಕಿನಂಥದ್ದು, ಪೂರ್ವದ ಕ್ವೋಲ್‌ಗೆ ಸಂದ ಹೆಸರು. ಬಹುವಚನಕ್ಕೆ ಕುಟುಂಬದ ಹೆಸರಿನ ಮೇಲೆ 'ಗಳು' ಹಚ್ಚಬೇಡಿ. 'ಡ್ಯಾಸಿಯೂರಿಡೇಗಳು' ತಪ್ಪು, 'ಡ್ಯಾಸಿಯೂರಿಡ್‌ಗಳು' ಸರಿ. ಶಾಲೆಯ ಭಿತ್ತಿಪತ್ರಕ್ಕೆ ಇಷ್ಟೆಲ್ಲ ಹಿಡಿಸದಿದ್ದರೆ 'ಕ್ವೋಲ್ ಮತ್ತು ಡೆವಿಲ್‌ಗಳ ಕುಟುಂಬ' ಎಂದು ಬರೆದು, ಕೆಳಗೆ ಒಂದೇ ಬಾರಿ ಡ್ಯಾಸಿಯೂರಿಡೇ ಎಂದು ಕಾಣಿಸಿದರೂ ಸಾಕು.