ರಾಬರ್ಟ್ ಕಾರ್ಟರ್ ಬಿಟ್ಟುಕೊಟ್ಟದ್ದು

ಇವತ್ತು ಸುಮ್ನೆ ಓದುತ್ತಾ ರಾಬರ್ಟ್ ಕಾರ್ಟರ್ ಕಥೆಯಲ್ಲಿ ಸಿಕ್ಕಿಬಿದ್ದೆ. ಅಮೆರಿಕದ ವರ್ಜೀನಿಯಾದ ಭಾರೀ ಜಮೀನ್ದಾರ. ಬ್ರಿಟಿಷರ ಕಾಲದಲ್ಲಿ ಗವರ್ನರ್ ಮಂಡಳಿಯ ಸದಸ್ಯ. ಆಮೇಲೆ ಬ್ಯಾಪ್ಟಿಸ್ಟ್ ಎಂಬ ಕ್ರೈಸ್ತ ಪಂಗಡಕ್ಕೆ ಸೇರಿದರು, ಗುಲಾಮರ ಜೊತೆ ಕೂತೇ ಪ್ರಾರ್ಥನೆ ಮಾಡಿದರು.

1791ರಲ್ಲಿ ಕೋರ್ಟಿಗೆ ಒಂದು ಪತ್ರ ಸಲ್ಲಿಸಿದರು. ತಮ್ಮ 450ಕ್ಕೂ ಜಾಸ್ತಿ ಗುಲಾಮರನ್ನು ಹಂತಹಂತವಾಗಿ ಬಿಡುಗಡೆ ಮಾಡುವ ಪತ್ರ. ಅದರಲ್ಲಿ ಒಬ್ಬೊಬ್ಬರ ಹೆಸರೂ ಇದೆ, ವಯಸ್ಸೂ ಇದೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ಪಟ್ಟಿಯೇ. ಅಲ್ಲಿಯವರೆಗೆ ಅವರೆಲ್ಲ ಆಸ್ತಿಯ ಲೆಕ್ಕದಲ್ಲಿದ್ದವರು, ಅಲ್ವಾ?

ಎಲ್ಲರನ್ನೂ ಒಂದೇ ದಿನ ಬಿಡಲಿಲ್ಲ. ವರ್ಷಕ್ಕೆ ಇಷ್ಟು ಜನ ಅಂತ ಬಿಟ್ಟರು. ಮಕ್ಕಳು ದೊಡ್ಡವರಾಗುವವರೆಗೆ ಕಾಯಬೇಕಿತ್ತು. ಆ ಕಾಯುವಿಕೆ ಅನ್ಯಾಯವೇ, ಅದನ್ನು ಮರೆಮಾಚಬಾರದು. ಆದರೂ ಹೋಲಿಸಿ ನೋಡಿ: ಅಮೆರಿಕದ ಅಧ್ಯಕ್ಷರಾಗಿದ್ದ ವಾಷಿಂಗ್ಟನ್ ತಮ್ಮ ಗುಲಾಮರ ಬಿಡುಗಡೆಯನ್ನು ಉಯಿಲಿಗೆ ಬಿಟ್ಟರು. ಇನ್ನೊಬ್ಬ ಅಧ್ಯಕ್ಷ ಜೆಫರ್ಸನ್ ಬೆರಳೆಣಿಕೆಯಷ್ಟು ಜನರನ್ನಷ್ಟೇ ಬಿಟ್ಟರು. ಕಾರ್ಟರ್ ಬದುಕಿದ್ದಾಗಲೇ ಮಾಡಿದರು. ಅಕ್ಕಪಕ್ಕದ ಜಮೀನ್ದಾರರು ಸಿಟ್ಟಾದರು, ಮನೆಯವರಿಗೂ ಇಷ್ಟವಾಗಲಿಲ್ಲ. ಕೊನೆಗೆ ಕಾರ್ಟರ್ ಬಾಲ್ಟಿಮೋರ್‌ಗೆ ಹೋಗಿ ನೆಲೆಸಿದರು. 1804ರಲ್ಲಿ ಅವರು ತೀರಿಕೊಂಡ ಮೇಲೂ ಆ ಪತ್ರದ ಪ್ರಕಾರ ಬಿಡುಗಡೆಗಳು ನಡೆಯುತ್ತಲೇ ಇದ್ದವು.