ಉಮಾದೇವಿ ತೀರ್ಪನ್ನು ಪೂರ್ತಿ ಓದಿ: ದಿನಗೂಲಿ ನೌಕರರಿಗೆ ಒಬ್ಬ ವಕೀಲೆಯ ಮಾತು

ನಾನು ಸೇವಾ ವಿಷಯದ ಕೇಸು ನಡೆಸುವ ವಕೀಲೆ. ಸರ್ಕಾರಿ ಕಚೇರಿಗಳ ಟೈಪಿಸ್ಟ್, ಡ್ರೈವರ್, ನೀರು ಬಿಡುವವರು, ಕಸ ಗುಡಿಸುವವರು ನನ್ನ ಬಳಿ ಜಾಸ್ತಿ ಬರುತ್ತಾರೆ. ಎಲ್ಲರೂ ದಿನಗೂಲಿ. ಹೆಚ್ಚಿನವರ ಮೊದಲ ಮಾತು, “ಮೇಡಂ, 240 ದಿನ ಯಾವಾಗ್ಲೋ ಆಗಿದೆ. ಕಾಯಂ ಮಾಡ್ಲೇಬೇಕು ಅಲ್ವಾ?”

ಇಲ್ಲ. ವರ್ಷದಲ್ಲಿ 240 ದಿನ ಎಂಬ ನಿಯಮ 1947ರ ಕೈಗಾರಿಕಾ ವಿವಾದ ಕಾಯ್ದೆಯಿಂದ ಬಂದದ್ದು. ಅಷ್ಟು ದುಡಿದವರನ್ನು ನೋಟಿಸು, ಪರಿಹಾರ ಕೊಡದೆ ಸುಮ್ನೆ ಮನೆಗೆ ಕಳಿಸುವಂತಿಲ್ಲ ಎಂದಷ್ಟೇ ಅದರ ಅರ್ಥ. ಕಾಯಂ ಹುದ್ದೆಯ ಲೆಕ್ಕವೇ ಬೇರೆ.

ಆ ಲೆಕ್ಕ ಶುರುವಾಗುವುದು ನಮ್ಮ ರಾಜ್ಯದ್ದೇ ಕೇಸಿನಿಂದ. ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985-86ರಿಂದ ದಿನಗೂಲಿ ಮೇಲೆ ದುಡಿದವರ ಕೇಸು ಸುಪ್ರೀಂ ಕೋರ್ಟಿಗೆ ಹೋಯಿತು. 2006ರ ಏಪ್ರಿಲ್ 10ರಂದು ಐವರು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ಎಷ್ಟೇ ವರ್ಷ ದುಡಿದರೂ ಅಷ್ಟರಿಂದಲೇ ಕಾಯಂ ಹಕ್ಕು ಹುಟ್ಟುವುದಿಲ್ಲ, ಸರ್ಕಾರಿ ಹುದ್ದೆಗೆ ಎಲ್ಲರಿಗೂ ಸಮಾನ ಅವಕಾಶ ಇರಬೇಕು ಎಂದಿತು. ಅದೇ ಉಮಾದೇವಿ ತೀರ್ಪು. ಇಲಾಖೆಗಳು ಕೊಡುವ ಹಿಂಬರಹದಲ್ಲಿ ಈ ಹೆಸರು ಕಂಡರೆ ಸಾಕು, ಜನ ಕೈಚೆಲ್ಲಿ ಕೂರುತ್ತಾರೆ. ನನಗೆ ಸಂಕಟವಾಗುವುದು ಅಲ್ಲೇ.

ಯಾಕೆಂದರೆ ಅದೇ ತೀರ್ಪಿನ 53ನೇ ಪ್ಯಾರಾ ಇದೆ. ಮಂಜೂರಾದ ಖಾಲಿ ಹುದ್ದೆ, ಅದಕ್ಕೆ ಬೇಕಾದ ವಿದ್ಯಾರ್ಹತೆ, ತೀರ್ಪಿನ ದಿನಕ್ಕೆ ಕೋರ್ಟಿನ ತಡೆಯಾಜ್ಞೆಯ ಆಸರೆಯಿಲ್ಲದೆ ಹತ್ತು ವರ್ಷ ಕೆಲಸ: ಈ ಮೂರೂ ಇದ್ದವರನ್ನು ಒಂದು ಸಲದ ಕ್ರಮವಾಗಿ ಸಕ್ರಮ, ಅಂದರೆ ಕಾಯಂ, ಮಾಡಿ ಎಂದು ಅಲ್ಲಿ ಹೇಳಿದೆ. 2010ರ ಎಂ.ಎಲ್. ಕೇಸರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಇನ್ನೂ ಬಿಡಿಸಿ ಹೇಳಿತು. ಹುದ್ದೆಯೇ ಇರಲಿಲ್ಲ, ಅಥವಾ ಅರ್ಹತೆ ಇರಲಿಲ್ಲ ಎಂದರೆ ನೇಮಕ ಅಕ್ರಮ. ಎರಡೂ ಇದ್ದು, ಬಹಿರಂಗ ಆಯ್ಕೆ ಮಾತ್ರ ನಡೆದಿಲ್ಲ ಎಂದರೆ ಅದು ಬರೀ ಲೋಪ. ಲೋಪವನ್ನು ಸರಿಪಡಿಸಬಹುದು. 2006ರಲ್ಲಿ ಅರ್ಹರಿದ್ದೂ ಇಲಾಖೆ ಪರಿಶೀಲಿಸದೆ ಬಿಟ್ಟವರ ಹಕ್ಕು ಹೋಗಿಲ್ಲ ಎಂದೂ ಹೇಳಿತು.

ಹಾಗಾಗಿ ನಾನು ಮೊದಲು ಕೇಳುವುದು ಎಷ್ಟು ವರ್ಷ ಆಯ್ತು ಅಂತ ಅಲ್ಲ. ಯಾವ ಹುದ್ದೆಯ ಕೆಲಸ ಮಾಡ್ತಿದ್ದೀರಿ, ಆ ಹುದ್ದೆ ಮಂಜೂರಾಗಿದೆಯಾ, ಒಳಗೆ ಬಂದದ್ದು ಹೇಗೆ ಅಂತ. ಉತ್ತರ ಇರುವುದು ಮಸ್ಟರ್ ರೋಲ್, ಕೂಲಿ ವೋಚರ್, ಹಾಜರಿ ಪುಸ್ತಕದಲ್ಲಿ. ಇವೆಲ್ಲ ಇಲಾಖೆಯ ಕಪಾಟಿನಲ್ಲಿರುತ್ತವೆ, ದುಡಿದವರ ಕೈಯಲ್ಲಿ ಇರುವುದಿಲ್ಲ. ಕೇಸು ಹಾಕುವ ಹೊತ್ತಿಗೆ “ದಾಖಲೆ ಲಭ್ಯವಿಲ್ಲ” ಎಂಬ ಉತ್ತರ ಬಂದರೆ ಮೊದಲೇ ತೆಗೆದಿಟ್ಟ ನಕಲಿಗೆ ಬೆಲೆ ಬರುತ್ತದೆ. ಕೆಲಸದಲ್ಲಿ ಇರುವಾಗಲೇ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. ಹುದ್ದೆಗಳ ಪಟ್ಟಿ, ಖಾಲಿ ಎಷ್ಟು ಎಂಬುದನ್ನೂ ಕೇಳಿ. ಮನವಿ ಕೊಟ್ಟರೆ ನಿಮ್ಮ ಪ್ರತಿಯ ಮೇಲೆ ಸ್ವೀಕೃತಿ ಮೊಹರು ಹಾಕಿಸಿಕೊಳ್ಳದೆ ಆ ಮೇಜು ಬಿಡಬೇಡಿ.

2006ಕ್ಕೆ ಹತ್ತು ವರ್ಷ ತುಂಬದವರು 53ನೇ ಪ್ಯಾರಾ ಒಂದನ್ನೇ ನಂಬಿ ಕೂರಬಾರದು. ಅವರಿಗೆ ಆಸರೆ ಸುಪ್ರೀಂ ಕೋರ್ಟಿನ 2024ರ ಡಿಸೆಂಬರ್ 20ರ ಜಗ್ಗೋ ತೀರ್ಪು. ಕೇಂದ್ರ ಜಲ ಆಯೋಗದಲ್ಲಿ ಗುಡಿಸುವ, ಗಿಡ ನೋಡುವ ಕೆಲಸವನ್ನು ದಶಕ ಮೀರಿ ಮಾಡಿದವರನ್ನು ತೆಗೆದುಹಾಕಿದ್ದರು. ಸದಾ ಬೇಕಾದ ಕೆಲಸ ಮಾಡಿಸಿಕೊಂಡು ಉಮಾದೇವಿ ಹೆಸರಲ್ಲಿ ಹೊರಗೆ ಹಾಕುವುದು ಆ ತೀರ್ಪಿನ ದುರುಪಯೋಗ ಎಂದ ಕೋರ್ಟ್, ಅವರನ್ನು ಸಕ್ರಮ ಮಾಡಿಸಿತು. 2025ರಲ್ಲಿ ಗಾಜಿಯಾಬಾದ್ ನಗರಪಾಲಿಕೆಯ ಮಾಲಿಗಳ ಕೇಸಿನಲ್ಲೂ ಇದೇ ಧಾಟಿಯ ತೀರ್ಪು ಬಂತು.

ಕಾಯಂ ಆಗದಿದ್ದರೂ ಸಂಬಳದ ಹಕ್ಕು ಬೇರೆಯೇ ಇದೆ. ಅದೇ ಕೆಲಸ ಮಾಡುವ ತಾತ್ಕಾಲಿಕ ನೌಕರರಿಗೆ ಆ ಹುದ್ದೆಯ ವೇತನ ಶ್ರೇಣಿಯ ಕನಿಷ್ಠವಾದರೂ ಕೊಡಬೇಕು ಎಂದು ಸುಪ್ರೀಂ ಕೋರ್ಟಿನ 2016ರ ಜಗಜಿತ್ ಸಿಂಗ್ ತೀರ್ಪು ಹೇಳುತ್ತದೆ. ಇದನ್ನು ಕೇಳುವವರೇ ಕಡಿಮೆ.

ಏಜೆನ್ಸಿ ಮೂಲಕ ಬಂದ ಹೊರಗುತ್ತಿಗೆ ನೌಕರರ ದಾರಿ ಎಲ್ಲಕ್ಕಿಂತ ಕಠಿಣ. ಆ ಗುತ್ತಿಗೆ ಬರೀ ತೋರಿಕೆಯದು, ನಿಜವಾದ ಮಾಲೀಕ ಇಲಾಖೆಯೇ ಎಂದು ಅವರು ಸಾಬೀತು ಮಾಡಬೇಕು. ರಜೆ ಕೊಟ್ಟವರು ಯಾರು, ಹಾಜರಿ ಹಾಕಿದವರು ಯಾರು, ಕೆಲಸ ಹೇಳಿದವರು ಯಾರು ಎಂಬುದಕ್ಕೆ ಇಲಾಖೆಯ ಅಧಿಕಾರಿ ಸಹಿ ಮಾಡಿದ ಒಂದು ಡ್ಯೂಟಿ ಚಾರ್ಟ್ ಸಿಕ್ಕರೂ ತೆಗೆದಿಟ್ಟುಕೊಳ್ಳಿ.