ಮೊದಲು ಹೊಳೆ ಬರೆಯಿರಿ

ತುಂಗಭದ್ರೆಯ ಉತ್ತರ ದಂಡೆಯ ಆನೆಗೊಂದಿಯ ಮಕ್ಕಳಿಗೆ ಇತಿಹಾಸ ಕಲಿಸುವುದು ಸುಲಭದ ಕೆಲಸವಲ್ಲ. ಪಾಠದಲ್ಲಿ ಬರುವುದೆಲ್ಲ ಹೊಳೆಯಾಚೆಯ ಹಂಪಿ. ನಮ್ಮೂರಿಗೆ ಸಿಕ್ಕುವುದು ಆರಂಭದ ಒಂದು ಸಾಲು. ಪ್ರವಾಸಿಗರಿಗೆ ಮಾರುವ ನಕಾಶೆಯಲ್ಲೂ ಅದೇ ಕಥೆ. ಊರಿನ ಹೆಸರು ಮೇಲಂಚಿಗೆ ಒತ್ತಿಕೊಂಡಿರುತ್ತದೆ, ಕೆಲವದರಲ್ಲಿ ಅದೂ ಇರುವುದಿಲ್ಲ. ನಮ್ಮ ಸಮಾಜ ವಿಜ್ಞಾನದ ಸರ್‌ಗೆ ಇದನ್ನು ಕಂಡರೆ ಆಗುತ್ತಿರಲಿಲ್ಲ. ಅದಕ್ಕೇ ಇರಬೇಕು, ಒಂಬತ್ತನೆಯ ತರಗತಿಯಲ್ಲಿ ಊರಿನ ನಕಾಶೆ ಬರೆದು ತರಲು ಹೇಳಿದರು. ನಾವು ಕೋಟೆ ಬಾಗಿಲು, ಗಗನ ಮಹಲು, ರಂಗನಾಥನ ಗುಡಿ ಎಂದು ಶುರು ಮಾಡಿದೆವು. ಹಾಳೆಗಳೆಲ್ಲ ಮರಳಿ ಬಂದವು. “ಮೊದಲು ಹೊಳೆ ಬರೆಯಿರಿ. ಆಮೇಲೆ ಊರು ತಾನಾಗಿಯೇ ಬಂದು ಕೂರುತ್ತದೆ” ಎಂದರು.

ಬರೆಯಲು ಕುಳಿತಾಗಲೇ ಅವರ ಮಾತಿನ ಅರ್ಥ ಗೊತ್ತಾದದ್ದು. ತುಂಗಭದ್ರೆ ನಮ್ಮಲ್ಲಿ ಒಂದೇ ಧಾರೆಯಾಗಿ ಹರಿಯುವುದಿಲ್ಲ. ಬಂಡೆಗಳ ನಡುವೆ ಕವಲೊಡೆದು ನಡುಗಡ್ಡೆಗಳನ್ನು ಬಿಟ್ಟು ಸಾಗುತ್ತದೆ. ಒಂಬತ್ತು ಮಾಧ್ವ ಯತಿಗಳ ಬೃಂದಾವನಗಳಿರುವ ನವಬೃಂದಾವನ ಅಂಥದೊಂದು ಗಡ್ಡೆ. ಆ ಬಂಡೆಗಳನ್ನೇ ಆಸರೆಯಾಗಿಟ್ಟುಕೊಂಡು ವಿಜಯನಗರದವರು ಹೊಳೆಗೆ ತಗ್ಗಾದ ಅಡ್ಡಗಟ್ಟೆ ಕಟ್ಟಿ ಕಾಲುವೆ ತೆಗೆದರು. ಆನೆಗೊಂದಿ ಕಾಲುವೆಯೂ ಅವುಗಳಲ್ಲೊಂದು. ಅರಮನೆಗಳು ಬಿದ್ದವು, ಕಾಲುವೆ ಇಂದಿಗೂ ಗದ್ದೆಗೆ ನೀರು ಹಾಯಿಸುತ್ತಿದೆ. ನನ್ನನ್ನು ಕೇಳಿದರೆ ಆ ಸಾಮ್ರಾಜ್ಯದ ದೊಡ್ಡ ಸ್ಮಾರಕ ಕಲ್ಲಿನ ರಥವಲ್ಲ, ಭತ್ತ ಮತ್ತು ಬಾಳೆ ಬೆಳೆಸುವ ಈ ಕೆಸರು ನೀರು.

1327ರ ಸುಮಾರಿಗೆ ಕಂಪಿಲಿ ರಾಜ್ಯ ತುಘಲಕನ ಸೈನ್ಯಕ್ಕೆ ಸೋತದ್ದು, 1336ರಲ್ಲಿ ವಿಜಯನಗರ ಹುಟ್ಟಿದ್ದು, 1565ರಲ್ಲಿ ಅದು ಹಾಳಾದದ್ದು ಪರೀಕ್ಷೆಗೆ ಬರುತ್ತಿತ್ತು, ಬಾಯಿಪಾಠ ಮಾಡಿದೆವು. ನನಗೆ ಹೆಚ್ಚು ಹಿಡಿಸಿದ್ದು ಪರೀಕ್ಷೆಗೆ ಬಾರದ ಇನ್ನೊಂದು ವರ್ಷ, 1800. ಆ ವರ್ಷ ನಿಜಾಮರು ಹೊಳೆಯ ದಕ್ಷಿಣದ ಸೀಮೆಯನ್ನು ಕಂಪನಿ ಸರಕಾರಕ್ಕೆ ಬಿಟ್ಟುಕೊಟ್ಟರು. ಅಲ್ಲಿಂದ ಹಂಪಿ ಮದರಾಸಿನ ಕಡೆಗೆ, ಆನೆಗೊಂದಿ ಹೈದರಾಬಾದಿನ ಕಡೆಗೆ. 1953ರಲ್ಲಿ ಬಳ್ಳಾರಿ ಮೈಸೂರಿಗೆ ಸೇರಿದರೂ ನಾವು ಸೇರಲಿಲ್ಲ. ಎರಡೂ ದಂಡೆಗಳು ಮತ್ತೆ ಒಂದೇ ರಾಜ್ಯಕ್ಕೆ ಬಂದದ್ದು 1956ರ ನವೆಂಬರ್ ಒಂದರಂದು.

ನಮ್ಮ ಅಜ್ಜಿಯ ತವರು ಹೊಳೆಯಾಚೆಯ ಬುಕ್ಕಸಾಗರ. ಮದುವೆಯಾಗಿ ಹೊಳೆ ದಾಟಿದಾಗ ಅವಳ ಪಾಲಿಗೆ ರೂಪಾಯಿಯೇ ಬದಲಾಗಿತ್ತು. ತವರಿನದು ಬ್ರಿಟಿಷರ ಕಲ್ದಾರ್, ಗಂಡನ ಮನೆಯದು ನಿಜಾಮರ ಹಾಲಿ ಸಿಕ್ಕಾ. ಮುಯ್ಯಿ ಬಂದ ದುಡ್ಡಿನ ಲೆಕ್ಕ ಹೇಳುವಾಗ ಮುದುಕಿಯಾದ ಮೇಲೂ “ಕಲ್ದಾರ್ ರೂಪಾಯಿ” ಎಂದು ಒತ್ತಿ ಹೇಳುತ್ತಿದ್ದಳು. ಸೆಪ್ಟೆಂಬರ್ 17ರಂದು ಹೈದರಾಬಾದ್ ವಿಮೋಚನೆಯ ಧ್ವಜವಂದನೆಗೆ ನಾವು ಇಸ್ತ್ರಿ ಮಾಡಿದ ಅಂಗಿ ತೊಟ್ಟು ನಿಂತಿರುವಾಗ ಬುಕ್ಕಸಾಗರದ ನನ್ನ ಸೋದರಮಾವನ ಮಕ್ಕಳು ಎಂದಿನಂತೆ ಮಗ್ಗಿ ಹೇಳುತ್ತಿದ್ದರು. ಆ ಒಂದು ದಿನ ನಮಗೆ ಅವರ ಮೇಲೆ ಬಹಳ ಗತ್ತು.

ದಾಟಲು ಇದ್ದದ್ದು ಹರಿಗೋಲು. 1520ರ ಸುಮಾರಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಇದನ್ನು ನೋಡಿ ಬರೆದಿಟ್ಟಿದ್ದಾನೆ: ಬುಟ್ಟಿಯಂತೆ ದುಂಡಗೆ, ಹೊರಗೆ ಚರ್ಮದ ಹೊದಿಕೆ, ಹದಿನೈದಿಪ್ಪತ್ತು ಜನ ಹಿಡಿಸುತ್ತಾರೆ, ಸದಾ ಸುತ್ತುತ್ತಲೇ ಸಾಗುತ್ತದೆ. ಸರ್ ಇದನ್ನು ಓದಿ ಹೇಳಿದ ಸಂಜೆ ನಾವು ದಂಡೆಗೆ ಹೋಗಿ ನೋಡಿದೆವು. ಬೋರಲು ಹಾಕಿದ ಹರಿಗೋಲಿಗೆ ಅಂಬಿಗರು ಕಾಯಿಸಿದ ಡಾಂಬರು ಬಳಿಯುತ್ತಿದ್ದರು. ಬಿದಿರಿನ ಸೀಳಿನ ಹೆಣಿಗೆ, ಅದರ ಮೇಲೆ ಗೊಬ್ಬರದ ಪ್ಲಾಸ್ಟಿಕ್ ಚೀಲ. ಚರ್ಮ ಹೋಗಿ ಚೀಲ ಬಂದದ್ದಷ್ಟೇ ವ್ಯತ್ಯಾಸ. ಕುದುರೆಗಳ ಬದಲು ಮೋಟಾರ್‌ಸೈಕಲ್‌ಗಳು ದಾಟುತ್ತಿದ್ದವು.

ಆಗ ತಳವಾರಘಟ್ಟದ ಸೇತುವೆ ಅರ್ಧಕ್ಕೆ ನಿಂತಿತ್ತು. ಆ ಸೇತುವೆಯ ಕೆಲಸದಿಂದಾಗಿ 1999ರಲ್ಲಿ ಯುನೆಸ್ಕೊ ಹಂಪಿಯನ್ನು ಅಪಾಯದಲ್ಲಿರುವ ತಾಣಗಳ ಪಟ್ಟಿಗೆ ಸೇರಿಸಿತು. ಸ್ಮಾರಕಕ್ಕೆ ಅಪಾಯ ನಿಜ. ತುಂಬು ಹೊಳೆಯಲ್ಲಿ ಹೆರಿಗೆ ನೋವಿನ ಹೆಂಗಸನ್ನು ದಾಟಿಸುವುದು ಯಾವ ಪಟ್ಟಿಯಲ್ಲಿ ಬರುತ್ತದೆ ಎಂದು ಊರಿನವರು ಕೇಳುತ್ತಿದ್ದರು. 2006ರಲ್ಲಿ ಹಂಪಿ ಆ ಪಟ್ಟಿಯಿಂದ ಹೊರಬಂದಿತು. ಮತ್ತೆ ಕೆಲಸ ಹಿಡಿದ ಸೇತುವೆ 2009ರ ಜನವರಿಯಲ್ಲಿ ಕುಸಿದು ಕಾರ್ಮಿಕರನ್ನು ಬಲಿ ತೆಗೆದುಕೊಂಡಿತು. ವಿಠ್ಠಲ ದೇವಾಲಯದ ಬಳಿ ಹಳೆಯ ಕಲ್ಲುಸೇತುವೆಯ ಕಂಬಗಳು ಇನ್ನೂ ನೀರಿನಲ್ಲಿ ನಿಂತಿವೆ. ಈಗ ಕಡೇಬಾಗಿಲು ಮತ್ತು ಬುಕ್ಕಸಾಗರದ ನಡುವೆ ಬೇರೆ ಸೇತುವೆಯಾಗಿದೆ. ಅಜ್ಜಿ ಅದನ್ನು ನೋಡಲಿಲ್ಲ.

2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಗೇಟ್ ಕೊಚ್ಚಿಹೋದ ಸುದ್ದಿ ಬಂದಾಗ ನಮ್ಮ ತರಗತಿಯವರು ಬೆಂಗಳೂರು, ಪುಣೆ, ದುಬೈ ಎಂದು ಚದುರಿದ್ದೆವು. ಬೆಳಗಾಗುವುದರೊಳಗೆ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಕ್ಯುಸೆಕ್ ಲೆಕ್ಕ ಶುರುವಾಯಿತು. ಇಷ್ಟು ಬಿಟ್ಟರೆ ನವಬೃಂದಾವನಕ್ಕೆ ದಾರಿ ಇಲ್ಲ, ಇನ್ನಷ್ಟು ಬಿಟ್ಟರೆ ಯಾರ ಬಾಳೆತೋಟಕ್ಕೆ ನೀರು ನುಗ್ಗುತ್ತದೆ, ತುಂಬಿದ್ದ ಜಲಾಶಯ ಖಾಲಿಯಾದರೆ ಎರಡನೆಯ ಬೆಳೆಯ ಗತಿಯೇನು. ಗಣಿತದಲ್ಲಿ ಎಂದೂ ಪಾಸಾಗದವನ ಲೆಕ್ಕವೇ ಅಂದು ಎಲ್ಲರಿಗಿಂತ ಸರಿಯಾಗಿತ್ತು. ಸರ್ ಕೂಡ ಆ ಗುಂಪಿನಲ್ಲಿದ್ದಾರೆ. ಅವರು ಹಾಕಿದ್ದು ಒಂದೇ ಪ್ರಶ್ನೆ: “ನಾಟಿ ಮುಗಿದಿದೆಯೇ?”